ಮನೆಯಲ್ಲೇ ಬಿಗ್ ಮ್ಯಾಕ್: ಸಾಸ್‌ನಿಂದ ಬನ್ನಿನವರೆಗೆ, ಹಂತ ಹಂತವಾಗಿ

ಮೊದಲ ಸಲ ಮನೆಯಲ್ಲಿ ಬಿಗ್ ಮ್ಯಾಕ್, ಅಂದರೆ ಮೆಕ್‌ಡೊನಾಲ್ಡ್ಸ್‌ನ ಎರಡು ಅಂತಸ್ತಿನ ಬರ್ಗರ್, ಮಾಡಿದಾಗ, ಅಂಗಡಿಯದಕ್ಕಿಂತ ಚೆನ್ನಾಗಿ ಮಾಡಲು ಹೋಗಿ ಕೆಡಿಸಿದೆ. ಪ್ಯಾಟಿ, ಅಂದರೆ ಬನ್ನಿನ ನಡುವೆ ಇಡುವ ಮಾಂಸದ ಬಿಲ್ಲೆ, ಉದ್ದಿನ ವಡೆಯಷ್ಟು ದಪ್ಪ ಇತ್ತು. ಬಳ್ಳಾರಿ ಈರುಳ್ಳಿಯನ್ನು ಬಿಲ್ಲೆ ಬಿಲ್ಲೆಯಾಗಿ ಹೆಚ್ಚಿ ಹಾಕಿದ್ದೆ. ಟೊಮೇಟೊ ಬೇರೆ. ಸಾಸ್‌ಗೆ ಧಾರಾಳವಾಗಿ ಕೆಚಪ್ ಸುರಿದಿದ್ದೆ. ಕೊನೆಗೆ ಅದು ಬಾಯಿಗೇ ಹಿಡಿಸದಷ್ಟು ಎತ್ತರವಾಯಿತು. ಮೊದಲ ತುತ್ತು ಕಚ್ಚಿದ ಕೂಡಲೇ ನಡುವಿನ ಬನ್ ಹಿಂದಿನಿಂದ ಜಾರಿ ತಟ್ಟೆಗೆ ಬಿತ್ತು. ರುಚಿ ಕೆಟ್ಟದಾಗಿತ್ತು ಅಂತಲ್ಲ. ಆದರೆ ಅದು ಬಿಗ್ ಮ್ಯಾಕ್ ಆಗಿರಲಿಲ್ಲ.

ಆಮೇಲೆ ಒಂದೊಂದೇ ಕಡಿಮೆ ಮಾಡುತ್ತಾ ಬಂದೆ. ಟೊಮೇಟೊ ಬಿಟ್ಟೆ. ಕೆಚಪ್ ಬಿಟ್ಟೆ. ಪ್ಯಾಟಿಯನ್ನು ಅರ್ಧಕ್ಕೂ ತೆಳ್ಳಗೆ ಮಾಡಿದೆ. ಐದಾರು ಸಲ ಮಾಡಿದ ಮೇಲೆ ಗೊತ್ತಾಗಿದ್ದು ಇಷ್ಟು: ಈ ಬರ್ಗರ್‌ನ ಗುಟ್ಟು ಮಾಂಸದಲ್ಲಿ ಇಲ್ಲ. ತೆಳು ಪ್ಯಾಟಿ, ನೆನೆಸಿದ ಈರುಳ್ಳಿ, ಕೆಚಪ್ ಇಲ್ಲದ ಸಾಸ್, ಮತ್ತು ಕಾಗದದಲ್ಲಿ ಸುತ್ತಿದ ಮೇಲೆ ಕಾಯುವ ಎರಡು ನಿಮಿಷ. ಇವು ಸರಿ ಇದ್ದರೆ ನಮ್ಮ ಊರಿನ ಕುರಿ ಕೈಮಾದಲ್ಲೂ ಆ ರುಚಿ ಬರುತ್ತದೆ.

ಕೆಳಗಿನ ಅಳತೆ ನಾಲ್ಕು ಬರ್ಗರ್‌ಗೆ. ಬರೀ ಚಮಚ ಅಂದಲ್ಲೆಲ್ಲ ಸಣ್ಣ ಚಮಚ.

ಮೊದಲು ಸ್ವಲ್ಪ ಕಥೆ

ಪಿಟ್ಸ್‌ಬರ್ಗ್‌ನಲ್ಲಿ ಎರಡು ವರ್ಷ ಕೆಲಸದ ಮೇಲೆ ಇದ್ದೆ. ಅಮೆರಿಕದ ಆ ಭಾಗದಲ್ಲಿರುವ ಕನ್ನಡದವರಿಗೆಲ್ಲ ಪೆನ್ ಹಿಲ್ಸ್‌ನ ವೆಂಕಟೇಶ್ವರ ದೇವಸ್ಥಾನ ಗೊತ್ತಿರುತ್ತದೆ. ಅಲ್ಲಿಂದ ಕಾರಿನಲ್ಲಿ ಅರ್ಧ ಗಂಟೆ ಹತ್ತಿರ ಹೋದರೆ ನಾರ್ತ್ ಹಂಟಿಂಗ್ಡನ್ ಅಂತ ಊರು. 2007ರಲ್ಲಿ ಅಲ್ಲಿ ಬಿಗ್ ಮ್ಯಾಕ್‌ಗೇ ಒಂದು ಮ್ಯೂಸಿಯಂ ಮಾಡಿದರು. ಒಳಗೆ 14 ಅಡಿ ಎತ್ತರದ ಬಿಗ್ ಮ್ಯಾಕ್ ಪ್ರತಿಮೆ ಇದೆ. ಬೆಳಿಗ್ಗೆ ಪುಳಿಯೋಗರೆ ಪ್ರಸಾದ, ಮಧ್ಯಾಹ್ನ ಈ ಪ್ರತಿಮೆ ಮುಂದೆ ಫೋಟೋ. ನಾವೂ ಹೀಗೇ ಮಾಡಿದ್ದೆವು.

ಮ್ಯೂಸಿಯಂ ಅಲ್ಲಿರಲು ಕಾರಣ ಇದೆ. ಈ ಬರ್ಗರ್ ಹುಟ್ಟಿದ್ದು ಮೆಕ್‌ಡೊನಾಲ್ಡ್ಸ್‌ನ ಹೆಡ್ ಆಫೀಸಿನಲ್ಲಿ ಅಲ್ಲ. ಪಿಟ್ಸ್‌ಬರ್ಗ್ ಸುತ್ತಮುತ್ತ ಫ್ರಾಂಚೈಸಿ ಅಂಗಡಿಗಳನ್ನು ನಡೆಸುತ್ತಿದ್ದ ಜಿಮ್ ಡೆಲ್ಲಿಗಾಟಿ 1967ರಲ್ಲಿ ಯೂನಿಯನ್‌ಟೌನ್‌ನ ತಮ್ಮ ಅಂಗಡಿಯಲ್ಲಿ ಇದನ್ನು ಮಾರಲು ಶುರು ಮಾಡಿದರು. ಬೆಲೆ 45 ಸೆಂಟ್. ಮರುವರ್ಷ, 1968ರಲ್ಲಿ, ಅದು ಅಮೆರಿಕದ ತುಂಬ ಸಿಗತೊಡಗಿತು.

ಎರಡು ಅಂತಸ್ತಿನ ಬರ್ಗರ್ ಹೊಸದೇನಲ್ಲ. ಕ್ಯಾಲಿಫೋರ್ನಿಯಾದಲ್ಲಿ 1937ರಿಂದಲೇ 'ಬಿಗ್ ಬಾಯ್' ಅನ್ನೋ ಬರ್ಗರ್ ಇತ್ತು. ಡೆಲ್ಲಿಗಾಟಿ ಅದನ್ನು ಮುಚ್ಚಿಡಲೂ ಇಲ್ಲ. ಬಲ್ಬ್ ಆಗಲೇ ಇತ್ತು, ನಾನು ಹೋಲ್ಡರ್‌ಗೆ ಹಾಕಿ ತಿರುಗಿಸಿದೆ ಅಷ್ಟೇ ಅನ್ನೋ ಅರ್ಥದಲ್ಲಿ ಹೇಳಿಕೊಂಡಿದ್ದರು. ನನಗೆ ಇಲ್ಲಿ ಮುಖ್ಯ ಅನಿಸುವುದು ಬನ್ನಿನ ವಿಷಯ. ಅಂಗಡಿಯಲ್ಲಿದ್ದ ಮಾಮೂಲಿ ಬನ್ನಿನಲ್ಲೇ ಮಾಡಿ ಅಂತ ಕಂಪನಿ ಹೇಳಿತ್ತು. ಆ ಬನ್ ಚಿಕ್ಕದು, ಎಲ್ಲ ಸೋರಿ ಹೋಗುತ್ತಿತ್ತು. ಕೊನೆಗೆ ಅವರು ಅಲ್ಲಿನ ಬೇಕರಿಯಿಂದ ದೊಡ್ಡ ಎಳ್ಳಿನ ಬನ್ ತರಿಸಿ ಮೂರು ಭಾಗ ಮಾಡಿಸಿದರು. ನನ್ನ ಮೊದಲ ಬರ್ಗರ್ ಜಾರಿ ಬಿದ್ದಿದ್ದೂ ಇದೇ ಕಾರಣಕ್ಕೆ. ನಡುವಿನ ತುಂಡನ್ನು ನಾನು ಹಗುರವಾಗಿ ತೆಗೆದುಕೊಂಡಿದ್ದೆ.

ಹೆಸರಿನದೂ ಒಂದು ಕಥೆ. ಮೊದಲು 'ಅರಿಸ್ಟೋಕ್ರಾಟ್', ಆಮೇಲೆ 'ಬ್ಲೂ ರಿಬನ್ ಬರ್ಗರ್' ಅಂತೆಲ್ಲ ಇಟ್ಟು ನೋಡಿದರು. ಎರಡೂ ಓಡಲಿಲ್ಲ. 'ಬಿಗ್ ಮ್ಯಾಕ್' ಅಂತ ಸೂಚಿಸಿದ್ದು ಕಂಪನಿಯ ಜಾಹೀರಾತು ವಿಭಾಗದಲ್ಲಿ ಸೆಕ್ರೆಟರಿಯಾಗಿದ್ದ 21 ವರ್ಷದ ಎಸ್ತರ್ ಗ್ಲಿಕ್‌ಸ್ಟೀನ್ ರೋಸ್. ಡೆಲ್ಲಿಗಾಟಿಗೆ ಇದರಿಂದ ರಾಯಲ್ಟಿ ಅಂತ ಏನೂ ಬರಲಿಲ್ಲ, ಸಿಕ್ಕಿದ್ದು ಒಂದು ಫಲಕ. 2016ರಲ್ಲಿ 98ನೇ ವಯಸ್ಸಿನಲ್ಲಿ ತೀರಿಕೊಂಡರು.

ನಮ್ಮಲ್ಲಿ ಈ ಬರ್ಗರ್ ಮೂಲರೂಪದಲ್ಲಿ ಬರಲೇ ಇಲ್ಲ. 1996ರಲ್ಲಿ ದೆಹಲಿಯಲ್ಲಿ ಮೊದಲ ಮೆಕ್‌ಡೊನಾಲ್ಡ್ಸ್ ತೆರೆದಾಗಲೇ ದನದ ಮಾಂಸವೂ ಇಲ್ಲ, ಹಂದಿ ಮಾಂಸವೂ ಇಲ್ಲ ಅಂತ ಮೆನು ಮಾಡಿದರು. ಬಿಗ್ ಮ್ಯಾಕ್ ಜಾಗದಲ್ಲಿ ಕುರಿ ಮಾಂಸದ 'ಮಹಾರಾಜ ಮ್ಯಾಕ್' ಬಂತು, ಆಮೇಲೆ ಅದು ಚಿಕನ್ ಆಯಿತು. ದೇಶದೇಶಗಳ ಹಣದ ಬೆಲೆ ಹೋಲಿಸಲು 'ದಿ ಎಕಾನಮಿಸ್ಟ್' ಪತ್ರಿಕೆ 1986ರಿಂದ ಬಿಗ್ ಮ್ಯಾಕ್ ಬೆಲೆಯನ್ನು ಬಳಸುತ್ತದೆ, ಗೊತ್ತಲ್ವಾ? ಅದರಲ್ಲೂ ಭಾರತದ ಲೆಕ್ಕಕ್ಕೆ ಮಹಾರಾಜ ಮ್ಯಾಕ್ ಅನ್ನೇ ಹಿಡಿಯುತ್ತಾರೆ.

ಒಳಗೆ ಏನಿದೆ, ಯಾವ ಕ್ರಮದಲ್ಲಿ

ಇದನ್ನು ಬಾಯಿಪಾಠ ಮಾಡಿಕೊಳ್ಳಿ. ಕೆಳಗಿನಿಂದ ಮೇಲಕ್ಕೆ ಹೋಗೋಣ.

ಅಡಿಯ ಬನ್. ಅದರ ಮೇಲೆ ಸಾಸ್, ಈರುಳ್ಳಿ, ಲೆಟಿಸ್, ಒಂದು ಚೀಸ್ ಸ್ಲೈಸ್, ಒಂದು ಪ್ಯಾಟಿ.

ನಡುವಿನ ಬನ್. ಅದರ ಮೇಲೆ ಮತ್ತೆ ಸಾಸ್, ಈರುಳ್ಳಿ, ಲೆಟಿಸ್, ಎರಡು ಬಿಲ್ಲೆ ಪಿಕಲ್, ಇನ್ನೊಂದು ಪ್ಯಾಟಿ.

ಮೇಲೆ ಎಳ್ಳಿನ ಟೋಪಿ.

ಅಂಗಡಿಯವರ ಭಾಷೆಯಲ್ಲಿ ಅಡಿಯದು ಹೀಲ್, ನಡುವಿನದು ಕ್ಲಬ್, ಮೇಲಿನದು ಕ್ರೌನ್. ಗಮನಿಸಿ, ಚೀಸ್ ಕೆಳಗಿನ ಅಂತಸ್ತಿನಲ್ಲಿ ಮಾತ್ರ. ಪಿಕಲ್ ಮೇಲಿನದರಲ್ಲಿ ಮಾತ್ರ. ಸೊಪ್ಪು ಪ್ಯಾಟಿಯ ಕೆಳಗೆ ಬರುತ್ತದೆ, ಮೇಲೆ ಅಲ್ಲ. ಟೊಮೇಟೊ ಎಲ್ಲೂ ಇಲ್ಲ. ಎರಡೂ ಕಡೆ ಚೀಸ್ ಹಾಕಿದರೆ ತಪ್ಪೇನು ಅಂತ ನಮ್ಮ ಮನೆಯಲ್ಲೂ ಕೇಳಿದರು. ತಪ್ಪೇನಿಲ್ಲ. ಆದರೆ ಪಿಕಲ್ ಹುಳಿಯನ್ನು ಚೀಸ್ ನುಂಗಿ ಹಾಕುತ್ತದೆ.

ಹಿಂದಿನ ದಿನ: ಪಿಕಲ್ ಮತ್ತು ಸಾಸ್

ಹಿಂದಿನ ರಾತ್ರಿಯೇ ಸಾಸ್ ಮಾಡಿಡಬೇಕು. ಅದಕ್ಕೂ ಮೊದಲು ಪಿಕಲ್ ಬೇಕು. ಪಿಕಲ್ ಅಂದರೆ ನಮ್ಮ ಉಪ್ಪಿನಕಾಯಿ ಅಲ್ಲ. ಉಪ್ಪು, ವಿನೆಗರ್ ನೀರಿನಲ್ಲಿ ಹಾಕಿದ ಗರ್ಕಿನ್, ನಮ್ಮ ರೈತರು ಮಿಡಿ ಸೌತೆ ಅನ್ನುತ್ತಾರಲ್ಲ, ಅದು. ತಮಾಷೆ ನೋಡಿ. 1990ರ ದಶಕದ ಶುರುವಿನಲ್ಲಿ ಭಾರತದಲ್ಲಿ ಈ ಬೆಳೆ ಶುರುವಾಗಿದ್ದೇ ಕರ್ನಾಟಕದಲ್ಲಿ. ತುಮಕೂರು, ಹಾಸನದ ಕಡೆ ಕಂಪನಿಗಳು ಬೀಜ ಕೊಟ್ಟು, ಬೆಳೆಸಿ, ಕಾಯಿಯನ್ನು ಗಾತ್ರದ ಮೇಲೆ ವಿಂಗಡಿಸಿ ಕೊಳ್ಳುತ್ತವೆ. ಕಾಯಿ ಸಣ್ಣದಾದಷ್ಟೂ ಬೆಲೆ ಜಾಸ್ತಿ. ಹೆಚ್ಚಿನದೆಲ್ಲ ಡ್ರಮ್ಮಿನಲ್ಲೋ ಬಾಟಲಿಯಲ್ಲೋ ಹಡಗು ಹತ್ತುತ್ತದೆ. ಬೆಳೆಯುವ ಊರಿನ ಅಂಗಡಿಯಲ್ಲಿ ಮಾತ್ರ ಒಂದು ಬಾಟಲಿ ಸಿಗಲ್ಲ!

ಬಾಟಲಿ ಸಿಕ್ಕರೆ ಅದನ್ನೇ ತನ್ನಿ. ಸಿಗದಿದ್ದರೆ ಬೆರಳುದ್ದದ ಎಳೆ ಸೌತೆಕಾಯಿ ನಾಲ್ಕು ಸಾಕು. ಅವನ್ನು ಎರಡು–ಮೂರು ಮಿಲಿಮೀಟರ್ ದಪ್ಪದ ಬಿಲ್ಲೆ ಮಾಡಿ ಗಾಜಿನ ಬಾಟಲಿಗೆ ತುಂಬಿ. 100 ಮಿಲಿ ಬಿಳಿ ವಿನೆಗರ್, 100 ಮಿಲಿ ನೀರು, ಒಂದೂವರೆ ಚಮಚ ಉಪ್ಪು, ಅರ್ಧ ಚಮಚ ಸಕ್ಕರೆ, ಕಾಲು ಚಮಚ ಸಾಸಿವೆ, ಜಜ್ಜಿದ ಒಂದು ಬೆಳ್ಳುಳ್ಳಿ ಎಸಳು ಹಾಕಿ ಕುದಿಸಿ. ಬಿಸಿ ಇರುವಾಗಲೇ ಸೌತೆ ಮೇಲೆ ಸುರಿಯಿರಿ. ಮೇಲೆ ನಾಲ್ಕು ಎಸಳು ಸಬ್ಬಸಿಗೆ ಸೊಪ್ಪು ಇಡಿ. ಅಮೆರಿಕದವರು ಪಿಕಲ್‌ಗೆ ಹಾಕುವ ಡಿಲ್ ಅಂದರೆ ನಮ್ಮ ಸಬ್ಬಸಿಗೆಯೇ. ಅಲ್ಲಿನ ಸೂಪರ್‌ಮಾರ್ಕೆಟ್‌ನಲ್ಲಿ ಮೊದಲ ಸಲ ಅದರ ವಾಸನೆ ನೋಡಿ ನನಗೆ ನೆನಪಾಗಿದ್ದು ಅಕ್ಕಿರೊಟ್ಟಿ. ಫ್ರಿಜ್ಜಿನಲ್ಲಿ ಒಂದು ರಾತ್ರಿ ಇಟ್ಟರೆ ಪಿಕಲ್ ಸಿದ್ಧ. ಅಂದರೆ ಇದನ್ನು ಸಾಸ್‌ಗೂ ಒಂದು ದಿನ ಮೊದಲೇ ಮಾಡಿಕೊಳ್ಳಬೇಕು.

ಈಗ ಸಾಸ್. ಇದರ ಸುತ್ತ ಎಷ್ಟೋ ಕಥೆಗಳಿವೆ, ಬೀಗ ಹಾಕಿಟ್ಟ ಗುಟ್ಟು ಅಂತೆಲ್ಲ. ಆದರೆ 2012ರಲ್ಲಿ ಮೆಕ್‌ಡೊನಾಲ್ಡ್ಸ್ ಕೆನಡಾದವರು ಒಂದು ವಿಡಿಯೋ ಹಾಕಿದರು. ಅದರಲ್ಲಿ ಕಂಪನಿಯ ಮುಖ್ಯ ಬಾಣಸಿಗ ಡ್ಯಾನ್ ಕುಡ್ರೋ ಅಡುಗೆಮನೆಯಲ್ಲಿ ನಿಂತು, ಅಂಗಡಿಯಲ್ಲಿ ಸಿಗುವ ಸಾಮಾನಿನಲ್ಲೇ ಈ ಬರ್ಗರ್ ಮಾಡಿ ತೋರಿಸಿದರು. ಅವರು ಸಾಸ್‌ಗೆ ಬಳಸಿದ್ದು ಮಯೊನೀಸ್, ಸಿಹಿ ಪಿಕಲ್ ರೆಲಿಶ್ (ಸಣ್ಣಗೆ ಹೆಚ್ಚಿದ ಸಿಹಿ ಪಿಕಲ್), ಹಳದಿ ಮಸ್ಟರ್ಡ್, ವೈಟ್ ವೈನ್ ವಿನೆಗರ್, ಬೆಳ್ಳುಳ್ಳಿ ಪುಡಿ, ಈರುಳ್ಳಿ ಪುಡಿ, ಪ್ಯಾಪ್ರಿಕಾ (ಖಾರ ಕಡಿಮೆ ಇರುವ ಕೆಂಪು ಮೆಣಸಿನ ಪುಡಿ). ಅಷ್ಟೇ. ಆ ಕೇಸರಿ ಬಣ್ಣ ಕೆಚಪ್‌ನಿಂದ ಬಂದಿದ್ದಲ್ಲ, ಪ್ಯಾಪ್ರಿಕಾದ್ದು. ನಾನು ದಾರಿ ತಪ್ಪಿದ್ದು ಇಲ್ಲೇ.

ನಾಲ್ಕು ಬರ್ಗರ್‌ಗೆ ನನ್ನ ಅಳತೆ ಹೀಗಿದೆ:

ಮಯೊನೀಸ್ 100 ಗ್ರಾಂ
ಸಿಹಿ ರೆಲಿಶ್ 2 ದೊಡ್ಡ ಚಮಚ
ಹಳದಿ ಮಸ್ಟರ್ಡ್ 2 ಸಣ್ಣ ಚಮಚ
ಬಿಳಿ ವಿನೆಗರ್ 1 ಸಣ್ಣ ಚಮಚ
ಈರುಳ್ಳಿ ಪುಡಿ, ಬೆಳ್ಳುಳ್ಳಿ ಪುಡಿ ಅರ್ಧರ್ಧ ಚಮಚ
ಬ್ಯಾಡಗಿ ಮೆಣಸಿನ ಪುಡಿ ಅರ್ಧ ಚಮಚ

ರೆಲಿಶ್ ಸಿಗದಿದ್ದರೆ ಗಾಬರಿ ಬೇಡ. ಮೇಲಿನ ಪಿಕಲ್‌ನ ಎಂಟು–ಹತ್ತು ಬಿಲ್ಲೆಗಳನ್ನು ಅಕ್ಕಿಕಾಳಿನಷ್ಟು ಸಣ್ಣಗೆ ಹೆಚ್ಚಿ. ಒಂದು ದೊಡ್ಡ ಚಮಚ ಸಕ್ಕರೆ, ಒಂದು ಸಣ್ಣ ಚಮಚ ವಿನೆಗರ್ ಹಾಕಿ ಸಣ್ಣ ಉರಿಯಲ್ಲಿ ಎರಡು ನಿಮಿಷ ಕುದಿಸಿ. ಸಕ್ಕರೆ ಪಾಕ ಪಿಕಲ್‌ಗೆ ಹತ್ತಿಕೊಂಡಿತು ಅಂದರೆ ಇಳಿಸಿ, ಪೂರ್ತಿ ಆರಿಸಿ. ಬಿಸಿ ಇರುವಾಗ ಮಯೊನೀಸ್‌ಗೆ ಹಾಕಿದರೆ ಅದು ಒಡೆಯುತ್ತದೆ.

ಇಲ್ಲಿನ ಅಂಗಡಿಗಳಲ್ಲಿ ಜಾಸ್ತಿ ಸಿಗುವುದು ಮೊಟ್ಟೆ ಇಲ್ಲದ ಮಯೊನೀಸ್. ಅದರಲ್ಲಿ ಸಿಹಿ ಸ್ವಲ್ಪ ಮುಂದೆ ಇರುತ್ತದೆ. ಹಾಗಾಗಿ ರೆಲಿಶ್‌ನ ಸಕ್ಕರೆಯನ್ನು ಅರ್ಧ ಮಾಡಿ, ವಿನೆಗರ್ ಇನ್ನರ್ಧ ಚಮಚ ಏರಿಸಿ. ಮಸ್ಟರ್ಡ್ ಅಂದಾಗ ಬಂಗಾಳದ ಕಾಸುಂದಿ ತರಬೇಡಿ, ಅದರ ಘಾಟು ಮೂಗಿಗೆ ಏರುತ್ತದೆ. ಬೇಕಾಗಿರುವುದು ಅಮೆರಿಕದವರ ಸಪ್ಪೆ ಹಳದಿ ಸಾಸಿವೆ ಸಾಸ್. ಅದರ ಹಳದಿ ಬಣ್ಣಕ್ಕೆ ಕಾರಣ ಸಾಸಿವೆ ಅಲ್ಲ, ನಮ್ಮ ಅರಿಶಿನ.

ಇನ್ನು ಬ್ಯಾಡಗಿ. ಪ್ಯಾಪ್ರಿಕಾ ಡಬ್ಬಿ ದುಡ್ಡು ಕೊಟ್ಟು ತರುವ ಅಗತ್ಯವೇ ಇಲ್ಲ. ಬಣ್ಣ ಜಾಸ್ತಿ, ಖಾರ ಕಡಿಮೆ, ಇದೇ ತಾನೆ ಬ್ಯಾಡಗಿಯ ಗುಣ? ಹಾವೇರಿ ಜಿಲ್ಲೆಯ ಈ ಮೆಣಸಿನಕಾಯಿಯಿಂದ ತೆಗೆದ ಬಣ್ಣದ ಎಣ್ಣೆ ಲಿಪ್‌ಸ್ಟಿಕ್‌ವರೆಗೂ ಹೋಗುತ್ತದೆ. ಎರಡು ಸುಕ್ಕು ಸುಕ್ಕಾದ ಮೆಣಸಿನಕಾಯಿ ತಗೊಳ್ಳಿ. ಮುರಿದು ಬೀಜ ಪೂರ್ತಿ ಕೊಡವಿ. ಬಿಸಿ ಕಾವಲಿಯ ಮೇಲೆ, ಒಲೆ ಆರಿಸಿ, ಗರಿಗರಿ ಆಗುವಷ್ಟು ಹೊತ್ತು ಮಾತ್ರ ಇಡಿ. ಹುರಿದ ವಾಸನೆ ಬಂದರೆ ಅದು ಸಾರಿನ ಪುಡಿಯ ದಾರಿ ಹಿಡಿಯಿತು ಅಂತ ಅರ್ಥ. ನುಣ್ಣಗೆ ಪುಡಿ ಮಾಡಿ ಜರಡಿ ಹಿಡಿಯಿರಿ.

ಎಲ್ಲ ಕಲಸಿ ರುಚಿ ನೋಡಿದರೆ ಆ ಕ್ಷಣಕ್ಕೆ ಬೇಜಾರಾಗುತ್ತದೆ. ಬೆಳ್ಳುಳ್ಳಿ ಒಂದು ಕಡೆ, ವಿನೆಗರ್ ಒಂದು ಕಡೆ ಎಳೆಯುತ್ತಿರುತ್ತವೆ. ಮುಚ್ಚಿ ಫ್ರಿಜ್ಜಿನಲ್ಲಿಡಿ. ಬೆಳಿಗ್ಗೆ ನೋಡಿದರೆ ಪುಡಿಗಳು ನೆನೆದು, ಬಣ್ಣ ತೆಳು ಕಿತ್ತಳೆಗೆ ತಿರುಗಿ, ರುಚಿ ಒಂದಾಗಿರುತ್ತದೆ.

ಈರುಳ್ಳಿ

ಚಿಕ್ಕ ವಿಷಯ ಅನಿಸುತ್ತದೆ. ಆದರೆ ಜನ ಎಡವುವುದು ಇಲ್ಲೇ ಜಾಸ್ತಿ. ಬಿಗ್ ಮ್ಯಾಕ್‌ಗೆ ಬಹಳ ಕಾಲದಿಂದ ಬಳಸಿದ್ದು ಒಣಗಿಸಿದ ಈರುಳ್ಳಿ ಚೂರನ್ನು ನೀರಿನಲ್ಲಿ ನೆನೆಸಿದ್ದು. ಅದಕ್ಕೆ ಘಾಟು ಇಲ್ಲ, ಕರಕರ ಇಲ್ಲ. ಮೆತ್ತಗೆ, ಸಣ್ಣ ಸಿಹಿ.

ಒಣ ಈರುಳ್ಳಿ ಚೂರು ಆನ್‌ಲೈನ್‌ನಲ್ಲಿ ಸುಲಭವಾಗಿ ಸಿಗುತ್ತದೆ. ಗುಜರಾತಿನ ಮಹುವಾ ಕಡೆ ಇದರದೇ ದೊಡ್ಡ ಉದ್ಯಮ ಇದೆ. ಪ್ಯಾಕೆಟ್ ಮೇಲೆ 'ಹುರಿದದ್ದು' ಅಂತ ಇದ್ದರೆ ಬೇಡ, ಅದು ಬಿರಿಯಾನಿಗೆ. ಬಿಳಿ ಚೂರು ಎರಡು ದೊಡ್ಡ ಚಮಚ ತೆಗೆದು, ಕಾಲು ಕಪ್ ತಣ್ಣೀರಿನಲ್ಲಿ ಅರ್ಧ ಗಂಟೆ ನೆನೆಸಿ, ನೀರು ಬಸಿಯಿರಿ.

ಅದು ಸಿಗದಿದ್ದರೆ ಹಸಿ ಈರುಳ್ಳಿಯನ್ನು ಸಾಸಿವೆಗಿಂತ ಸ್ವಲ್ಪ ದೊಡ್ಡದಾಗಿ ಹೆಚ್ಚಿ. ತಣ್ಣೀರಿನಲ್ಲಿ ಎರಡು ಸಲ ಗಾಲಿಸಿ, ಬಟ್ಟೆಯಲ್ಲಿ ಕಟ್ಟಿ ಹಿಂಡಿ. ಬಿಳಿ ಈರುಳ್ಳಿ ಆದರೆ ಒಳ್ಳೆಯದು. ಬಳ್ಳಾರಿ ಈರುಳ್ಳಿ ಹಾಗೇ ಹಾಕಿದರೆ ಸಾಸ್ ಎಷ್ಟೇ ಚೆನ್ನಾಗಿದ್ದರೂ ಕಡೆಗೆ ಬಾಯಲ್ಲಿ ಉಳಿಯುವುದು ಈರುಳ್ಳಿ ಒಂದೇ.

ಬನ್

ಎರಡು ದಾರಿ ಇವೆ. ಸುಲಭದ್ದು: ಅಂಗಡಿಯ ಎಳ್ಳಿನ ಬರ್ಗರ್ ಬನ್ ಆರು ತನ್ನಿ. ನಾಲ್ಕರ ಅಡಿ ಮತ್ತು ಟೋಪಿ ಹಾಗೇ ಬಳಸಿ. ಉಳಿದ ಎರಡರಿಂದ ನಡುವಿನ ತುಂಡು ತೆಗೆಯಬೇಕು. ಗರಗಸದ ಹಲ್ಲಿನ ಚಾಕುವಿನಿಂದ ಕೆಳಗಿನ ಕಂದು ಚರ್ಮ, ಮೇಲಿನ ಎಳ್ಳಿನ ಚರ್ಮ ಎರಡನ್ನೂ ಸವರಿ ತೆಗೆಯಿರಿ. ಒಂದು ಬನ್ನಿನಿಂದ ಒಂದೊಂದು ಸೆಂಟಿಮೀಟರ್ ದಪ್ಪದ ಎರಡು ತುಂಡು ಬರುತ್ತವೆ. ಎರಡೂ ಮುಖ ಬಿಳಿ ಇರಬೇಕು. ಚರ್ಮ ಉಳಿದರೆ ಸಾಸ್ ಹಿಡಿಯಲ್ಲ, ಜಾರುತ್ತದೆ. ನನ್ನ ತಟ್ಟೆಗೆ ಬಿದ್ದಿದ್ದು ಅಂಥ ತುಂಡೇ.

ಒಮ್ಮೆ ನಮ್ಮ ಮನೆ ಹತ್ತಿರದ ಬೇಕರಿಯಲ್ಲಿ ಮೂರು ಭಾಗ ಮಾಡಿಕೊಡಿ ಅಂತ ಕೇಳಿದ್ದೆ. ಅವರು ಬನ್ನನ್ನು ಉದ್ದುದ್ದ ಮೂರು ಭಾಗ ಮಾಡಿ, ಪಾಪ, ಬೆಣ್ಣೆ ಕೂಡ ಸವರಿ ಕೊಟ್ಟರು.

ಮನೆಯಲ್ಲೇ ಸುಡುವವರಿಗೆ: ಮೈದಾ 300 ಗ್ರಾಂ, ಉಗುರುಬೆಚ್ಚಗಿನ ಹಾಲು 180 ಮಿಲಿ, ಸಕ್ಕರೆ 25 ಗ್ರಾಂ, ಬೆಣ್ಣೆ 30 ಗ್ರಾಂ, ಉಪ್ಪು 5 ಗ್ರಾಂ, ಇನ್‌ಸ್ಟಂಟ್ ಯೀಸ್ಟ್ 5 ಗ್ರಾಂ. ಬೆಣ್ಣೆ ಬಿಟ್ಟು ಉಳಿದದ್ದನ್ನು ಕಲಸಿ ಐದು ನಿಮಿಷ ನಾದಿ. ಆಮೇಲೆ ಬೆಣ್ಣೆ ಸೇರಿಸಿ ಇನ್ನೂ ಎಂಟು–ಹತ್ತು ನಿಮಿಷ ನಾದಿ. ಹಿಟ್ಟು ಕೈಗೆ ಅಂಟುವುದು ನಿಲ್ಲುತ್ತದೆ. ಒಂದು ಗಂಟೆ ಮುಚ್ಚಿಡಿ. ಎರಡರಷ್ಟು ಉಬ್ಬಿದ ಮೇಲೆ ಆರು ಉಂಡೆ ಮಾಡಿ, ಅಂಗೈಯಿಂದ ಒತ್ತಿ ಹತ್ತು ಸೆಂಟಿಮೀಟರ್ ಅಗಲ ಮಾಡಿ. ಒತ್ತದೇ ಬಿಟ್ಟರೆ ಅಗಲ ಆಗುವ ಬದಲು ಎತ್ತರ ಆಗುತ್ತದೆ. ಇನ್ನೊಂದು ನಲವತ್ತು ನಿಮಿಷ ಉಬ್ಬಲು ಬಿಡಿ. ಮೇಲೆ ಹಾಲು ಸವರಿ ಬಿಳಿ ಎಳ್ಳು ಉದುರಿಸಿ. 180 ಡಿಗ್ರಿ ಸೆಲ್ಸಿಯಸ್‌ನಲ್ಲಿ 16ರಿಂದ 18 ನಿಮಿಷ. ಪೂರ್ತಿ ಆರಿದ ಮೇಲೆ ಕತ್ತರಿಸಿ.

ಬನ್ ಸ್ವಲ್ಪ ಸಿಹಿ ಇರಲಿ. ಈ ಬರ್ಗರ್‌ಗೆ ಗಟ್ಟಿ ಸಿಪ್ಪೆಯ ಫ್ಯಾನ್ಸಿ ಬ್ರೆಡ್ ಹೊಂದಲ್ಲ.

ಲೆಟಿಸ್ ಮತ್ತು ಚೀಸ್

ಐಸ್‌ಬರ್ಗ್ ಲೆಟಿಸ್ 100 ಗ್ರಾಂ. ಪಲ್ಯಕ್ಕೆ ಎಲೆಕೋಸು ಹೆಚ್ಚುವ ಹಾಗೆ ಸಣ್ಣ ಎಳೆಯಾಗಿ ಹೆಚ್ಚಿ. ಐಸ್ ನೀರಿನಲ್ಲಿ ಹತ್ತು ನಿಮಿಷ ಇಟ್ಟು, ಬಟ್ಟೆಯ ಮೇಲೆ ಹರಡಿ ಚೆನ್ನಾಗಿ ಒಣಗಿಸಿ. ಎಲೆಕೋಸನ್ನೇ ಹಾಕಿದರೆ ಆಗಲ್ವಾ? ಆಗಲ್ಲ. ಅಗಿಯುತ್ತಾ ಕೂರಬೇಕಾಗುತ್ತದೆ.

ಚೀಸ್‌ಗೆ ಚೌಕದ ಪ್ರೊಸೆಸ್ಡ್ ಸ್ಲೈಸೇ ಸರಿ. ಅದರಲ್ಲಿರುವ ಎಮಲ್ಸಿಫೈಯಿಂಗ್ ಲವಣಗಳಿಂದಾಗಿ ಕರಗಿದಾಗ ಎಣ್ಣೆ ಬೇರೆಯಾಗದೆ ಸಾಸಿನ ಹಾಗೆ ಹರಡುತ್ತದೆ. ಬೆಲೆ ಜಾಸ್ತಿ ಇರುವ ಹಳೆಯ ಚೆಡ್ಡಾರ್ ಜಿಡ್ಡು ಬಿಡುತ್ತದೆ.

ಪ್ಯಾಟಿ

ಅಮೆರಿಕದ ಬಿಗ್ ಮ್ಯಾಕ್‌ನಲ್ಲಿ ದನದ ಮಾಂಸ ಬಿಟ್ಟು ಬೇರೇನೂ ಇಲ್ಲ. ಮೇಲೆ ಉಪ್ಪು, ಕಾಳುಮೆಣಸು ಅಷ್ಟೇ. ಒಂದು ಪೌಂಡಿಗೆ ಹತ್ತು ಪ್ಯಾಟಿ ಲೆಕ್ಕ. ಅಂದರೆ ಹಸಿಯಿದ್ದಾಗ ಒಂದೊಂದು 45 ಗ್ರಾಂ. ಕೈಯಲ್ಲಿ ಹಿಡಿದು ನೋಡಿ, ಒಂದು ನಿಂಬೆಹಣ್ಣಿನಷ್ಟು ಉಂಡೆ. ಇಷ್ಟೇನಾ ಅನಿಸುತ್ತದೆ. ಇಷ್ಟೇ.

ನಾನು ಈಗ ಮಾಡುವುದು ಕುರಿ ಕೈಮಾದಲ್ಲಿ. 360 ಗ್ರಾಂ ಬೇಕು. ಕಸಾಯಿಯವರಿಗೆ ಎರಡು ಮಾತು ಹೇಳಿ: ಕೊಬ್ಬು ಐದರಲ್ಲಿ ಒಂದು ಪಾಲು ಇರಲಿ, ಎರಡು ಸಲ ಮೆಷಿನ್‌ಗೆ ಹಾಕಿ. ಕೊಬ್ಬು ಇಲ್ಲದ ಕೈಮಾ ಕಾವಲಿ ಮೇಲೆ ರಬ್ಬರ್ ಆಗುತ್ತದೆ. ತಂದ ಕೈಮಾವನ್ನು ತೊಳೆಯಬೇಡಿ. ತೊಳೆದರೆ ನೀರು ಹಿಡಿದು, ಸುಡುವ ಬದಲು ಬೇಯುತ್ತದೆ.

ಇಲ್ಲಿ ನಮ್ಮ ಕೈ ಸುಮ್ನೆ ಇರಲ್ಲ. ಶುಂಠಿ ಬೆಳ್ಳುಳ್ಳಿ, ಗರಂ ಮಸಾಲ, ಕೊತ್ತಂಬರಿ ಸೊಪ್ಪು... ಏನೂ ಬೇಡ. ಉಪ್ಪು ಕೂಡ ಕೈಮಾಗೆ ಕಲಸಬೇಡಿ. ಉಪ್ಪು ಮಾಂಸದ ಪ್ರೋಟೀನನ್ನು ಕರಗಿಸಿ ಅಂಟು ಮಾಡುತ್ತದೆ. ಆಗ ಪ್ಯಾಟಿ ಪುಡಿಪುಡಿಯಾಗಿ ಬಿಡುವ ಬದಲು ಸೀಖ್ ಕಬಾಬಿನ ಹಾಗೆ ಬಿಗಿಯಾಗುತ್ತದೆ.

45 ಗ್ರಾಂನ ಎಂಟು ಉಂಡೆ ತೂಕ ಹಾಕಿ ಮಾಡಿ. ಒಂದೊಂದನ್ನೂ ಎರಡು ಬಟರ್ ಪೇಪರ್ ನಡುವೆ ಇಟ್ಟು, ಅಡಿ ಚಪ್ಪಟೆ ಇರುವ ತಟ್ಟೆಯಿಂದ ಒತ್ತಿ. ಪೂರಿ ಒತ್ತುವ ಮಣೆ ಇದ್ದರೆ ಇನ್ನೂ ಸುಲಭ. 11 ಸೆಂಟಿಮೀಟರ್ ಅಗಲ ಬರಬೇಕು, ಬನ್ನಿಗಿಂತ ಒಂದು ಬೆರಳು ಆಚೆ. ಸುಟ್ಟಾಗ ಕುಗ್ಗಿ ಬನ್ನಿನ ಅಳತೆಗೇ ಬರುತ್ತದೆ. ಕಾಗದ ಸಮೇತ ಒಂದರ ಮೇಲೊಂದು ಜೋಡಿಸಿ ಫ್ರೀಜರ್‌ನಲ್ಲಿ ಒಂದು ಗಂಟೆ ಇಡಿ. ಇಷ್ಟು ತೆಳ್ಳಗಿನ ಹಸಿ ಕೈಮಾವನ್ನು ಕೈಯಲ್ಲಿ ಎತ್ತಲು ಹೋದರೆ ಹರಿಯುತ್ತದೆ. ಗಟ್ಟಿಯಾದರೆ ಹಪ್ಪಳದ ಹಾಗೆ ಎತ್ತಿ ಹಾಕಬಹುದು.

ಕಾವಲಿಯ ಮುಂದೆ

ಒಲೆ ಹಚ್ಚುವ ಮೊದಲು ಎಲ್ಲ ಕೈಗೆಟುಕುವ ಹಾಗೆ ಇಟ್ಟುಕೊಳ್ಳಿ. ಸಾಸ್, ಈರುಳ್ಳಿ, ಲೆಟಿಸ್, ಚೀಸ್, ಪಿಕಲ್, ಕತ್ತರಿಸಿದ ಬಟರ್ ಪೇಪರ್. ಇಲ್ಲಿಂದ ಮುಂದೆ ಹತ್ತು ನಿಮಿಷದ ಕೆಲಸ, ನಡುವೆ ಫೋನ್ ಎತ್ತಬೇಡಿ.

ಮೊದಲು ಬನ್. ಒಣ ಕಾವಲಿ, ಮಧ್ಯಮ ಉರಿ, ಎಣ್ಣೆ ಬೆಣ್ಣೆ ಏನೂ ಬೇಡ. ಕತ್ತರಿಸಿದ ಮುಖ ಕೆಳಗೆ ಮಾಡಿ ಮೆಲ್ಲಗೆ ಒತ್ತಿ, ಹೊಂಬಣ್ಣ ಬರುವವರೆಗೆ ಇಡಿ. ನಡುವಿನ ತುಂಡಿಗೆ ಎರಡೂ ಕಡೆ. ಈ ಸುಟ್ಟ ಪದರವೇ ಸಾಸ್ ಒಳಗೆ ಇಳಿಯದಂತೆ ತಡೆಯುವುದು.

ಈಗ ಉರಿ ಜೋರು ಮಾಡಿ. ಕಬ್ಬಿಣದ ದೋಸೆ ಕಾವಲಿ ಇದ್ದರೆ ಅದೇ ಸರಿ, ನಾನ್‌ಸ್ಟಿಕ್ ಇಷ್ಟು ಕಾಯಿಸುವ ಹಾಗಿಲ್ಲ. ನೀರು ಚಿಮುಕಿಸಿದರೆ ಹನಿ ಕುಣಿದು ಮಾಯವಾಗಬೇಕು. ಒಂದೆರಡು ಹನಿ ಎಣ್ಣೆ ಸವರಿ, ಫ್ರೀಜರ್‌ನಿಂದ ತೆಗೆದ ಪ್ಯಾಟಿ ನೇರವಾಗಿ ಹಾಕಿ. ಒಮ್ಮೆಗೆ ಎರಡು, ಹೆಚ್ಚೆಂದರೆ ಮೂರು. ಮಗುಚುವ ಕೈಯಿಂದ ಮೊದಲ ಹತ್ತು ಸೆಕೆಂಡ್ ಒತ್ತಿ ಹಿಡಿಯಿರಿ. ಆಮೇಲೆ ಮುಟ್ಟಬೇಡಿ. ಅಂಚು ಬೂದು ಬಣ್ಣಕ್ಕೆ ತಿರುಗುತ್ತದೆ, ಅದು ಒಳಮುಖವಾಗಿ ಹರಿದು ಬರುವುದು ಕಾಣಿಸುತ್ತದೆ. ನಡುವೆ ಒಂದು ರೂಪಾಯಿ ನಾಣ್ಯದಷ್ಟು ಕೆಂಪು ಉಳಿದಾಗ ಮೇಲೆ ಉಪ್ಪು, ಕಾಳುಮೆಣಸಿನ ಪುಡಿ ಉದುರಿಸಿ. ಕಾವಲಿಗೆ ಹತ್ತಿದ ಕಂದು ಪದರ ಕಿತ್ತು ಹೋಗದಂತೆ ಕೆರೆದು ಮಗುಚಿ. ಮೊದಲ ಕಡೆಗೆ ಒಂದೂವರೆ ನಿಮಿಷ, ಎರಡನೆಯ ಕಡೆಗೆ ಮುಕ್ಕಾಲು ನಿಮಿಷ ಸಾಕು. ಥರ್ಮಾಮೀಟರ್ ಇದ್ದರೆ ನಡುವೆ 71 ಡಿಗ್ರಿ ಸೆಲ್ಸಿಯಸ್ ನೋಡಿ. ಚಿಕನ್ ಆದರೆ 74. ಕೈಮಾವನ್ನು ಅರೆಬೆಂದದ್ದು ತಿನ್ನುವ ಸಾಹಸ ಬೇಡ.

ಅಂಗಡಿಯಲ್ಲಿ ಮೇಲೆ ಕೆಳಗೆ ಎರಡೂ ಕಡೆಯಿಂದ ಒಟ್ಟಿಗೆ ಸುಡುವ ಮುಚ್ಚಳದ ಗ್ರಿಲ್ ಇರುತ್ತದೆ, ಮಗುಚುವ ತಾಪತ್ರಯವೇ ಇಲ್ಲ. ಆದರೆ ದೋಸೆ ಹುಯ್ದ ಕೈಗೆ ಇದೇನು ಕಷ್ಟ ಅಲ್ಲ.

ಜೋಡಿಸುವುದು

ಅಡಿಯ ಬನ್ನಿಗೆ ಮುಕ್ಕಾಲು ದೊಡ್ಡ ಚಮಚ ಸಾಸ್. ಅಂಚಿನವರೆಗೆ ಸವರಬೇಡಿ, ಮೇಲಿನ ಭಾರಕ್ಕೆ ಅದೇ ಹರಡುತ್ತದೆ. ಒಂದು ಚಿಟಿಕೆ ಈರುಳ್ಳಿ, ಒಂದು ಹಿಡಿ ಲೆಟಿಸ್, ಚೀಸ್, ಬಿಸಿ ಪ್ಯಾಟಿ. ಪ್ಯಾಟಿ ಕಾವಲಿಯಿಂದ ನೇರವಾಗಿ ಚೀಸ್ ಮೇಲೆ ಕೂರಬೇಕು, ತಟ್ಟೆಯಲ್ಲಿ ಕಾಯಬಾರದು. ಅದರ ಬಿಸಿಗೇ ಚೀಸ್ ಕರಗಬೇಕು.

ನಡುವಿನ ಬನ್ನಿಗೂ ಅಷ್ಟೇ ಸಾಸ್, ಈರುಳ್ಳಿ, ಲೆಟಿಸ್. ಎರಡು ಪಿಕಲ್ ಬಿಲ್ಲೆಗಳನ್ನು ಪಕ್ಕ ಪಕ್ಕ ಇಡಿ, ಒಂದರ ಮೇಲೊಂದು ಬೇಡ. ಪ್ಯಾಟಿ ಇಟ್ಟು ಈ ಅಂತಸ್ತನ್ನು ಎತ್ತಿ ಮೊದಲಿನದರ ಮೇಲೆ ಕೂರಿಸಿ. ಟೋಪಿ ಮುಚ್ಚಿ.

ಈಗ ತಿನ್ನಬೇಡಿ. ಬಟರ್ ಪೇಪರ್‌ನಲ್ಲಿ ಸಡಿಲವಾಗಿ ಸುತ್ತಿ ಎರಡು ನಿಮಿಷ ಬಿಡಿ. ಅಂಗಡಿಯಲ್ಲಿ ಈ ಕೆಲಸವನ್ನು ಡಬ್ಬಿ ಮಾಡುತ್ತದೆ. ಒಳಗಿನ ಹಬೆಗೆ ಬನ್ ಮೆತ್ತಗಾಗುತ್ತದೆ, ಚೀಸ್ ಪೂರ್ತಿ ಇಳಿಯುತ್ತದೆ, ಲೆಟಿಸ್ ಒಂಚೂರು ಬಾಡುತ್ತದೆ. ಬಿಚ್ಚಿದಾಗ ಮುಖಕ್ಕೆ ಹೊಡೆಯುವ ಆ ಹುಳಿ–ಸಿಹಿ–ಎಳ್ಳಿನ ವಾಸನೆ ಇದೆಯಲ್ಲ, ಈ ಎರಡು ನಿಮಿಷ ಕಾಯದೆ ಅದು ಬರಲ್ಲ. ಐದು ನಿಮಿಷ ಬಿಟ್ಟರೆ ಮಾತ್ರ ಒದ್ದೆ ಮುದ್ದೆ.

ಚಿಕನ್, ವೆಜ್ ಮಾಡುವವರಿಗೆ

ಚಿಕನ್ ಆದರೆ ತೊಡೆಯ ಮಾಂಸದ ಕೈಮಾ ತಗೊಳ್ಳಿ, ಎದೆಯದು ಒಣಗುತ್ತದೆ. ಉಳಿದದ್ದೆಲ್ಲ ಹಾಗೇ. ಅಂದ ಹಾಗೆ, ಐರೋಪ್ಯ ಒಕ್ಕೂಟದಲ್ಲಿ ಐರ್ಲೆಂಡಿನ ಸೂಪರ್‌ಮ್ಯಾಕ್ಸ್ ಕಂಪನಿಯ ಜೊತೆ ನಡೆದ ಕೇಸಿನಲ್ಲಿ, ಚಿಕನ್ ಬರ್ಗರ್‌ಗೆ 'ಬಿಗ್ ಮ್ಯಾಕ್' ಹೆಸರಿನ ಹಕ್ಕನ್ನು ಮೆಕ್‌ಡೊನಾಲ್ಡ್ಸ್ 2024ರಲ್ಲಿ ಕಳೆದುಕೊಂಡಿತು. ಆ ಹೆಸರನ್ನು ಚಿಕನ್‌ಗೆ ನಿಜವಾಗಿ ಬಳಸಿದ್ದೇವೆ ಅಂತ ತೋರಿಸಲು ಅವರಿಗೆ ಆಗಲಿಲ್ಲ.

ವೆಜ್‌ಗೆ ಬೇಯಿಸಿದ ಆಲೂಗಡ್ಡೆ 200 ಗ್ರಾಂ, ತರಿತರಿಯಾಗಿ ಅರೆದ ಸ್ವೀಟ್ ಕಾರ್ನ್ 100 ಗ್ರಾಂ, ಬ್ರೆಡ್ ಪುಡಿ 40 ಗ್ರಾಂ, ಉಪ್ಪು, ಕಾಳುಮೆಣಸು. ಇಲ್ಲಿ ಉಪ್ಪು ಒಳಗೇ ಹಾಕಬೇಕು. ತೆಳ್ಳಗೆ ತಟ್ಟಿ, ಒಂದು ಗಂಟೆ ಫ್ರಿಜ್ಜಿನಲ್ಲಿಟ್ಟು, ಜಾಸ್ತಿ ಎಣ್ಣೆಯಲ್ಲಿ ಗರಿಗರಿಯಾಗಿ ಸುಡಿ. ಬಿಗ್ ಮ್ಯಾಕ್ ಅನ್ನಲು ನನಗೆ ಮನಸ್ಸಿಲ್ಲ. ಆದರೆ ನಮ್ಮ ಮನೆಯ ಮಕ್ಕಳು ಕೇಳುವುದು ಇದನ್ನೇ.

ಅಮೆರಿಕದಲ್ಲಿರುವ ಸಸ್ಯಾಹಾರಿಗಳಿಗೆ ಒಂದು ಮಾತು. ಪಕ್ಕದಲ್ಲಿ ಕೊಡುವ ಫ್ರೆಂಚ್ ಫ್ರೈಸ್‌ನಲ್ಲಿ ಅಲ್ಲಿ ಬೀಫ್ ಫ್ಲೇವರ್ ಇರುತ್ತದೆ. ಆಲೂಗಡ್ಡೆ ತಾನೆ ಅಂದುಕೊಂಡು ತಿಂದುಬಿಡಬೇಡಿ.

ಎಡವಟ್ಟಾದರೆ

ಪ್ಯಾಟಿ ಬಟ್ಟಲಿನ ಹಾಗೆ ಮುದುರಿಕೊಂಡರೆ ಮೊದಲ ಹತ್ತು ಸೆಕೆಂಡ್ ಒತ್ತಿಲ್ಲ. ಕಂದು ಬಣ್ಣವೇ ಬರದೆ ನೀರು ಬಿಟ್ಟರೆ ಕಾವಲಿ ಕಾದಿಲ್ಲ, ಇಲ್ಲವೇ ಒಮ್ಮೆಗೆ ಜಾಸ್ತಿ ಹಾಕಿದ್ದೀರಿ. ಅಡಿಯ ಬನ್ ಒದ್ದೆಯಾದರೆ ಲೆಟಿಸ್ ಒಣಗಿಲ್ಲ, ಅಥವಾ ಈರುಳ್ಳಿ ಹಿಂಡಿಲ್ಲ. ಸಾಸ್ ಬರೀ ಮಯೊನೀಸ್ ಅನಿಸಿದರೆ ಮಸ್ಟರ್ಡ್ ಅರ್ಧ ಚಮಚ ಏರಿಸಿ ನೋಡಿ, ಕೆಚಪ್ ಬಾಟಲಿಗೆ ಕೈ ಹಾಕಬೇಡಿ.

ಸಾಸ್ ಸ್ವಲ್ಪ ಉಳಿಯುತ್ತದೆ. ಫ್ರಿಜ್ಜಿನಲ್ಲಿ ನಾಲ್ಕೈದು ದಿನ ಇರುತ್ತದೆ. ಬನ್ನಿನಿಂದ ಸವರಿ ತೆಗೆದ ಎಳ್ಳಿನ ಚರ್ಮವನ್ನೂ ಎಸೆಯಬೇಡಿ. ಪ್ಯಾಟಿ ಸುಟ್ಟ ಕಾವಲಿಯಲ್ಲೇ, ಉಳಿದ ಜಿಡ್ಡಿನಲ್ಲಿ, ಅದನ್ನು ಗರಿಗರಿ ಮಾಡಿ ಸಾಸ್‌ನಲ್ಲಿ ಅದ್ದಿ. ನಮ್ಮ ಮನೆಯಲ್ಲಿ ಬರ್ಗರ್ ಮೇಜಿಗೆ ಬರುವ ಮೊದಲೇ, ಅಡುಗೆಮನೆಯಲ್ಲಿ ನಿಂತುಕೊಂಡೇ, ಅದು ಖಾಲಿಯಾಗಿರುತ್ತದೆ.